ಮಗುವಿನ ಪಾಸ್‌ಪೋರ್ಟು ಮತ್ತು ಎರಡು ಸಹಿಗಳು



ನಾನು ಸೇವೆಯಲ್ಲಿದ್ದಾಗ ಹಳೆಯ ವಿದ್ಯಾರ್ಥಿಗಳು ಭೇಟಿಯಾದರೆ ಮಗನನ್ನು ವಿಜ್ಞಾನ ವಿಭಾಗಕ್ಕೆ ಸೇರಿಸಬೇಕೋ, ವಾಣಿಜ್ಯ ವಿಭಾಗಕ್ಕೋ ಎಂದು ಕೇಳುತ್ತಿದ್ದರು. ನಿವೃತ್ತನಾದ ಮೇಲೆ ಬರುವ ಪ್ರಶ್ನೆಗಳೇ ಬೇರೆ. ಅವುಗಳಲ್ಲಿ ಒಂದು ಪ್ರಶ್ನೆ ಈಚಿನ ವರ್ಷಗಳಲ್ಲಿ ಮತ್ತೆ ಮತ್ತೆ ಬಂದಿದೆ. ಗಂಡ ಹೆಂಡತಿ ಬೇರೆಯಾಗಿದ್ದಾರೆ. ಮಗು ಒಬ್ಬರ ಬಳಿ ಇದೆ. ಮಗುವಿಗೆ ಪಾಸ್‌ಪೋರ್ಟ್ ಬೇಕಾಗಿದೆ. ಇನ್ನೊಬ್ಬರು ಸಹಿ ಮಾಡಲು ಒಪ್ಪುತ್ತಿಲ್ಲ. ಮುಂದಿನ ದಾರಿ ಯಾವುದು?

ನಾನು ವಕೀಲನಲ್ಲ. ಬಿ.ಎಡ್. ಮುಗಿಸಿ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಬೋಧಿಸಿದವನು. ಆದರೆ ನಂಬಿಕೆಯಿಟ್ಟು ಕೇಳಿದವರಿಗೆ ತಿಳಿಯದೆ ಉತ್ತರ ಹೇಳಬಾರದೆಂದು ಈ ಸಂಬಂಧದ ಕಾಯ್ದೆ, ನಿಯಮ, ತೀರ್ಪುಗಳನ್ನು ನನ್ನ ಶಕ್ತ್ಯನುಸಾರ ಓದಿದ್ದೇನೆ. ಓದುತ್ತ ಓದುತ್ತ ನನ್ನಲ್ಲಿ ಒಂದು ಅಭಿಪ್ರಾಯ ಗಟ್ಟಿಯಾಗಿದೆ. ಮಗುವಿನ ಪಾಸ್‌ಪೋರ್ಟ್ ಮಗುವಿನ ಸೊತ್ತು. ಅದನ್ನು ಗಂಡ ಹೆಂಡಿರ ವ್ಯಾಜ್ಯದಲ್ಲಿ ಒತ್ತೆ ಇಡಬಾರದು. ಹಾಗೆಂದು ಸಹಿ ಮಾಡದವರೆಲ್ಲ ದುಷ್ಟರೆಂದು ನಾನು ಹೇಳಲಾರೆ. ಅವರ ಅಂಜಿಕೆಗೂ ಕಾರಣಗಳಿವೆ. ಆ ಅಂಜಿಕೆಗೆ ಕಾನೂನಿನಲ್ಲಿ ಬೇರೆ ಪರಿಹಾರವಿದೆ. ಇದಿಷ್ಟನ್ನು ನಿಮ್ಮೆದುರು ಬಿಡಿಸಿ ಹೇಳಬೇಕೆಂದು ಈ ಲೇಖನ.

ನಮ್ಮ ಬಾಲ್ಯದಲ್ಲಿ ಗದಗ-ಬೆಟಗೇರಿಯಂಥ ಅವಳಿ ನಗರದಲ್ಲಿಯೂ ಪಾಸ್‌ಪೋರ್ಟ್ ಎಂಬುದು ಅಪರೂಪದ ವಸ್ತುವಾಗಿತ್ತು. ಅದಕ್ಕಾಗಿ ಬೆಂಗಳೂರಿನತ್ತ ಮುಖ ಮಾಡಬೇಕಾಗಿತ್ತು. ಇಂದು ಹುಬ್ಬಳ್ಳಿಯಲ್ಲಿಯೇ ಪಾಸ್‌ಪೋರ್ಟ್ ಸೇವಾ ಕೇಂದ್ರವಿದೆ. 2017ರ ಜನವರಿಯಲ್ಲಿ ಮೈಸೂರಿನಿಂದ ಆರಂಭವಾಗಿ ಅಂಚೆ ಕಚೇರಿಗಳಲ್ಲಿಯೂ ಅರ್ಜಿ ಸ್ವೀಕರಿಸುವ ವ್ಯವಸ್ಥೆ ಬಂದಿದೆ. ಲಕ್ಷ್ಮೇಶ್ವರದ ಹುಡುಗರು ಕೊಲ್ಲಿ ರಾಷ್ಟ್ರಗಳಲ್ಲಿ ದುಡಿಯುತ್ತಿದ್ದಾರೆ. ಶಿರಹಟ್ಟಿಯ ಕಡೆಯ ಇಂಜಿನಿಯರುಗಳು ಬೆಂಗಳೂರನ್ನು ದಾಟಿ ಅಮೆರಿಕ ಸೇರಿದ್ದಾರೆ. ಮುಂಡರಗಿಯ ಹೆಣ್ಣುಮಕ್ಕಳು ನರ್ಸಿಂಗ್ ಕಲಿತು ಹೊರದೇಶದ ಆಸ್ಪತ್ರೆಗಳಿಗೆ ಹೋಗುತ್ತಿದ್ದಾರೆ. ಆದ್ದರಿಂದ ಈ ಪ್ರಶ್ನೆ ಇಂದು ನಮ್ಮ ಓಣಿಗೂ ಬಂದಿದೆ.

ಮೊದಲು ನಮ್ಮ ಜನರ ಮನಸ್ಸಿನಲ್ಲಿ ಬೇರೂರಿರುವ ಒಂದು ನಂಬಿಕೆಯನ್ನು ಪರಿಶೀಲಿಸೋಣ. ಶಾಲೆಯ ದಾಖಲಾತಿ ರಜಿಸ್ಟರನ್ನು ವರ್ಷಗಟ್ಟಲೆ ಬರೆದ ಕೈ ನನ್ನದು. ಹಳೆಯ ಮೈಸೂರಿನವರ ಹಾಗೆ ನಾವು ಇನಿಷಿಯಲ್ ಹಾಕಿ ಮುಗಿಸುವುದಿಲ್ಲ. ಮೊದಲು ಮಗುವಿನ ಹೆಸರು, ನಡುವೆ ತಂದೆಯ ಹೆಸರು, ಕೊನೆಗೆ ಅಡ್ಡಹೆಸರು. ಮದುವೆಯಾದ ಹೆಣ್ಣುಮಗಳಿಗೆ ನಡುವಿನ ಸ್ಥಾನದಲ್ಲಿ ತಂದೆಯ ಹೆಸರು ಹೋಗಿ ಗಂಡನ ಹೆಸರು ಬರುತ್ತದೆ. ಆಕೆ ತವರಿಗೆ ಮರಳಿ ಹತ್ತು ವರ್ಷವಾದರೂ ಆಧಾರ್ ಕಾರ್ಡಿನಲ್ಲಿ, ಪಡಿತರ ಚೀಟಿಯಲ್ಲಿ, ಬ್ಯಾಂಕಿನ ಪಾಸ್‌ಬುಕ್ಕಿನಲ್ಲಿ ಅದೇ ಹೆಸರು ಉಳಿದಿರುತ್ತದೆ. ಹೆಸರಿನ ನಡುವೆ ಗಂಡಸು ಕುಳಿತಿರುವಾಗ ಅವನ ಸಹಿಯಿಲ್ಲದೆ ಸರಕಾರದ ಯಾವ ಕಾಗದವೂ ಹುಟ್ಟಲಾರದು ಎಂದು ನಮ್ಮವರು ಭಾವಿಸುವುದು ಸಹಜ. ಅಂಥ ಭಾವನೆಗೆ ಹಿಂದಿನ ಕಾಲದಲ್ಲಿ ಆಧಾರವೂ ಇತ್ತು. 1956ರ ಹಿಂದೂ ಅಪ್ರಾಪ್ತವಯಸ್ಕರ ಮತ್ತು ಪಾಲಕತ್ವದ ಕಾಯ್ದೆಯ 6ನೇ ಕಲಂ ಮಗುವಿನ ಸಹಜ ಪಾಲಕ ತಂದೆ, ಅವನ ಅನಂತರ ತಾಯಿ ಎಂದು ಹೇಳುತ್ತದೆ. ಐದು ವರ್ಷ ತುಂಬದ ಮಗು ಸಾಮಾನ್ಯವಾಗಿ ತಾಯಿಯ ಬಳಿ ಇರಬೇಕೆಂದೂ ಅದೇ ಕಲಂ ಹೇಳುತ್ತದೆ. ‘ಅವನ ಅನಂತರ’ ಎಂದರೆ ಅವನು ಸತ್ತ ಮೇಲೆ ಎಂದೇ ಬಹುಕಾಲ ಅರ್ಥ ಮಾಡಲಾಗುತ್ತಿತ್ತು. 1999ರಲ್ಲಿ ಲೇಖಕಿ ಗೀತಾ ಹರಿಹರನ್ ಅವರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಈ ಗಂಟನ್ನು ಬಿಡಿಸಿತು. ತಂದೆ ಬದುಕಿದ್ದೂ ಮಗುವಿನ ಪಾಲನೆಯಿಂದ ದೂರವಿದ್ದರೆ ತಾಯಿಯೇ ಪಾಲಕಳಾಗಿ ನಡೆದುಕೊಳ್ಳಬಹುದು ಎಂಬುದು ಆ ತೀರ್ಪಿನ ತಾತ್ಪರ್ಯ.

ಪಾಸ್‌ಪೋರ್ಟ್ ನಿಯಮಗಳಲ್ಲಿ ದೊಡ್ಡ ಬದಲಾವಣೆ ಬಂದದ್ದು 2016ರ ಡಿಸೆಂಬರಿನಲ್ಲಿ. ಅಲ್ಲಿಯವರೆಗೆ ಹದಿನೈದು ಇದ್ದ ಅನುಬಂಧಗಳನ್ನು ಒಂಬತ್ತಕ್ಕೆ ಇಳಿಸಿದರು. ನೋಟರಿಯ ಮುದ್ರೆಯನ್ನು ಬಿಟ್ಟು, ಬಿಳಿ ಹಾಳೆಯ ಮೇಲಿನ ಸ್ವಯಂ ಘೋಷಣೆ ಸಾಕೆಂದರು. ಅರ್ಜಿಯಲ್ಲಿ ತಂದೆ, ತಾಯಿ, ಪಾಲಕರು ಈ ಮೂವರಲ್ಲಿ ಒಬ್ಬರ ಹೆಸರಿದ್ದರೆ ಸಾಕೆಂದರು. ಬೇರೆಯಾದವರು, ವಿಚ್ಛೇದನ ಪಡೆದವರು ಗಂಡನ ಅಥವಾ ಹೆಂಡತಿಯ ಹೆಸರನ್ನು ಕೊಡಬೇಕಾದ ಕಡ್ಡಾಯವನ್ನು ತೆಗೆದರು. ಇನ್ನು ಹೆಂಡತಿ ತನ್ನ ಸ್ವಂತ ಪಾಸ್‌ಪೋರ್ಟಿಗೆ ಗಂಡನ ಸಹಿ ತರಬೇಕಾದ ಅಗತ್ಯವಿಲ್ಲವೆಂದು ಮದ್ರಾಸ್ ಉಚ್ಚ ನ್ಯಾಯಾಲಯ 2025ರಲ್ಲಿ ಸ್ಪಷ್ಟವಾಗಿ ಹೇಳಿದೆ.

ಮಗುವಿನ ವಿಷಯಕ್ಕೆ ಬರೋಣ. ಹದಿನೆಂಟು ತುಂಬದ ಮಗುವಿನ ಅರ್ಜಿಯೊಂದಿಗೆ ಎರಡು ಬಗೆಯ ಘೋಷಣಾ ಪತ್ರಗಳಲ್ಲಿ ಒಂದನ್ನು ಲಗತ್ತಿಸಬೇಕು. ತಂದೆ ತಾಯಿ ಇಬ್ಬರೂ ಒಪ್ಪಿದ್ದರೆ ಅನುಬಂಧ ‘ಡಿ’. ಒಬ್ಬರ ಒಪ್ಪಿಗೆ ಸಿಗದಿದ್ದರೆ ಅನುಬಂಧ ‘ಸಿ’. ನಮ್ಮಲ್ಲಿ ಅನೇಕರಿಗೆ ಈ ಎರಡನೆಯ ಪತ್ರ ಇದೆಯೆಂಬುದೇ ತಿಳಿದಿಲ್ಲ. ಏಜೆಂಟರ ಬಳಿ ಹೋದರೆ ಅವರೂ ‘ಇಬ್ಬರ ಸಹಿ ಬೇಕರೀ’ ಎಂದು ಒಂದೇ ಮಾತಿನಲ್ಲಿ ಹೇಳಿ ಕಳಿಸುತ್ತಾರೆ. ಅನುಬಂಧ ‘ಸಿ’ಯಲ್ಲಿ ಇನ್ನೊಬ್ಬರ ಒಪ್ಪಿಗೆ ಏಕೆ ಸಿಗಲಿಲ್ಲ, ಮಗು ಯಾರ ಬಳಿ ಇದೆ, ನ್ಯಾಯಾಲಯದಲ್ಲಿ ಯಾವ ಪ್ರಕರಣ ನಡೆದಿದೆ, ಪಾಸ್‌ಪೋರ್ಟ್ ಕೊಡಬಾರದೆಂದು ಯಾವ ನ್ಯಾಯಾಲಯವಾದರೂ ತಡೆದಿದೆಯೆ ಎಂಬುದನ್ನೆಲ್ಲ ಬರೆದು ಸಹಿ ಮಾಡಬೇಕು. ಸಹಿ ಮಾಡಿದವರೇ ಅದಕ್ಕೆ ಹೊಣೆ. ಎಲ್ಲ ಅರ್ಜಿಗಳೂ ಇದರಿಂದ ಸರಾಗವಾಗಿ ಸಾಗುತ್ತವೆಂದು ನಾನು ಹೇಳುವುದಿಲ್ಲ. ಇನ್ನೊಬ್ಬರು ಆಕ್ಷೇಪಣೆ ಬರೆದು ಕಳಿಸಿದರೆ ಕಚೇರಿಯವರು ಕಾಗದವನ್ನು ಬದಿಗಿಡುವುದುಂಟು.

ಹಾಗೆ ಬದಿಗಿಟ್ಟ ಒಂದು ಅರ್ಜಿಯ ಕಥೆ 2025ರ ಜನವರಿಯಲ್ಲಿ ಮುಂಬಯಿ ಉಚ್ಚ ನ್ಯಾಯಾಲಯದ ಮುಂದೆ ಬಂದಿತು. 1956ಕ್ಕೆ ಮೊದಲು ಧಾರವಾಡ ಜಿಲ್ಲೆಯ ಭಾಗವಾಗಿದ್ದ ನಮ್ಮ ಗದಗಿಗೂ ಅದೇ ಉಚ್ಚ ನ್ಯಾಯಾಲಯವಾಗಿತ್ತು. ಒಬ್ಬ ವಿದ್ಯಾರ್ಥಿನಿ ಜಪಾನಿಗೆ ಹೋಗುವ ಅಧ್ಯಯನ ಪ್ರವಾಸಕ್ಕೆ ಆಯ್ಕೆಯಾಗಿದ್ದಳು. ತಂದೆ ತಾಯಿಯ ನಡುವೆ ವಿಚ್ಛೇದನದ ವ್ಯಾಜ್ಯ ನಡೆದಿತ್ತು. ತಂದೆ ಒಪ್ಪಿಗೆ ಕೊಡಲಿಲ್ಲ. ಪುಣೆಯ ಪಾಸ್‌ಪೋರ್ಟ್ ಕಚೇರಿ ಅರ್ಜಿಯನ್ನು ಮುಂದುವರಿಸಲಿಲ್ಲ. ದಾಂಪತ್ಯದ ಕಲಹದಿಂದಾಗಿ ತಂದೆ ಒಪ್ಪಿಗೆ ಕೊಡದಿದ್ದ ಮಾತ್ರಕ್ಕೆ ಮಗಳ ಸಂವಿಧಾನದತ್ತ ಹಕ್ಕನ್ನು ಕಸಿಯಲಾಗದು ಎಂದು ನ್ಯಾಯಾಲಯ ಹೇಳಿ, ಎರಡು ವಾರಗಳೊಳಗೆ ಪಾಸ್‌ಪೋರ್ಟ್ ಕೊಡುವಂತೆ ಆದೇಶಿಸಿತು. ವಿದೇಶ ಪ್ರಯಾಣ ಮಾಡುವುದು ಸಂವಿಧಾನದ 21ನೇ ವಿಧಿಯ ಸ್ವಾತಂತ್ರ್ಯದ ಒಂದು ಅಂಗ ಎಂಬುದು 1978ರ ಮೇನಕಾ ಗಾಂಧಿ ಪ್ರಕರಣದಿಂದ ದೃಢವಾದ ಮಾತು. ನಾನು ತರಗತಿಯಲ್ಲಿ ಆ ಪ್ರಕರಣವನ್ನು ಹೇಳಿದ್ದು ನಿಮ್ಮಲ್ಲಿ ಕೆಲವರಿಗಾದರೂ ನೆನಪಿರಬಹುದು. ಆ ಸ್ವಾತಂತ್ರ್ಯ ದೊಡ್ಡವರಿಗೆ ಮಾತ್ರ ಮೀಸಲಾದುದಲ್ಲ.

ಇಷ್ಟು ಕಾನೂನಿನ ಮಾತಾಯಿತು. ಈಗ ಮನುಷ್ಯರ ಮಾತು ಹೇಳುತ್ತೇನೆ. ಹೆಸರುಗಳನ್ನು ಹೇಳುವುದಿಲ್ಲ, ಗುರುತು ಸಿಗದಂತೆ ವಿವರಗಳನ್ನೂ ಕಡಿಮೆ ಮಾಡಿದ್ದೇನೆ.

ನನ್ನ ಹಳೆಯ ವಿದ್ಯಾರ್ಥಿನಿಯೊಬ್ಬಳು ಲಕ್ಷ್ಮೇಶ್ವರದ ತವರುಮನೆಯಲ್ಲಿದ್ದಾಳೆ. ನರ್ಸಿಂಗ್ ಓದಿದವಳು. ಗಂಡನಿಂದ ಬೇರೆಯಾಗಿ ಮೂರು ವರ್ಷಗಳಾಗಿವೆ. ಕೋರ್ಟಿಗೆ ಹೋಗಿಲ್ಲ, ಎರಡೂ ಕಡೆಯ ಹಿರಿಯರು ಕೂಡಿ ಬಾಂಡ್ ಪೇಪರಿನ ಮೇಲೆ ಬರೆದುಕೊಂಡಿದ್ದಾರೆ. ಕೊಲ್ಲಿ ದೇಶವೊಂದರ ಆಸ್ಪತ್ರೆಯಲ್ಲಿ ಕೆಲಸ ಸಿಕ್ಕಿತು. ಆರು ವರ್ಷದ ಮಗಳನ್ನು ಕರೆದೊಯ್ಯಬೇಕು. ಗಂಡನ ಮನೆಗೆ ಹೇಳಿ ಕಳಿಸಿದರೆ ಬಂದ ಉತ್ತರ ಇದು: ಮೊದಲು ಬಂಗಾರ ತಿರುಗಿ ಕೊಡಲಿ, ಆಮೇಲೆ ಸಹಿ ಮಾಡೋಣ. ಆಕೆ ನನ್ನ ಮುಂದೆ ಕುಳಿತು, “ಸರ್, ಈ ಮೂರು ವರ್ಷದಾಗ ಮಗಳು ಹೆಂಗದಾಳ ಅಂತ ಒಂದ್ ದಿನಾ ಕೇಳಿಲ್ರೀ. ಈಗ ಸಹಿಗೆ ರೇಟ್ ಹಚ್ಯಾರ” ಎಂದಳು. ನಾನು ಏನೂ ಹೇಳದೆ ಸ್ವಲ್ಪ ಹೊತ್ತು ಸುಮ್ಮನಿದ್ದೆ. ಮೂರು ವರ್ಷ ಮಗುವನ್ನು ಕೇಳದವನಿಗೆ ಮಗುವಿನ ಮೇಲೆ ಉಳಿದ ಒಂದೇ ಅಧಿಕಾರವೆಂದರೆ ‘ಇಲ್ಲ’ ಎನ್ನುವ ಅಧಿಕಾರ. ಅದನ್ನು ಅವನು ತೊಲೆ ಬಂಗಾರಕ್ಕೆ ತೂಗಿದ್ದ.

ಇನ್ನೊಬ್ಬ ವಿದ್ಯಾರ್ಥಿ ಬೆಟಗೇರಿಯವನು. ಸಣ್ಣ ವ್ಯಾಪಾರಸ್ಥ, ಸಂಭಾವಿತ ಹುಡುಗ. ಹೆಂಡತಿ ಮಗನೊಂದಿಗೆ ಬೆಂಗಳೂರಿನಲ್ಲಿದ್ದಾಳೆ. ಮಗನ ವಶದ ಪ್ರಕರಣ ನ್ಯಾಯಾಲಯದಲ್ಲಿದೆ. ಇವನು ತಿಂಗಳಿಗೆ ಎರಡು ಸಲ ರಾತ್ರಿ ಬಸ್ಸು ಹತ್ತಿ ಹೋಗಿ ಮಗನೊಂದಿಗೆ ಒಂದು ಹಗಲು ಕಳೆದು ಮರಳುತ್ತಾನೆ. ಹೆಂಡತಿಯ ಅಣ್ಣ ಅಮೆರಿಕದಲ್ಲಿದ್ದಾನೆ. ಮಗನ ಪಾಸ್‌ಪೋರ್ಟಿಗೆ ಒಪ್ಪಿಗೆ ಕೇಳಿ ಆಕೆಯ ಕಡೆಯಿಂದ ಕಾಗದ ಬಂದಿತು. “ಸರ್, ಬಸ್ಸಿಗೆ ಹತ್ತಿ ಬೆಂಗಳೂರಿಗೆ ಹೋಗ್ತೀನ್ರಿ. ಅಮೆರಿಕಾಕ್ಕ ಯಾವ ಬಸ್ಸಿಗೆ ಹತ್ತಿ ಹೋಗ್ಲಿ?” ಎಂದು ಕೇಳಿದ. ಈ ಮಾತಿಗೆ ನಗಲೂ ಆಗದು, ಅವನನ್ನು ಬೈಯಲೂ ಆಗದು.

ಈ ಇಬ್ಬರೂ ನನ್ನ ವಿದ್ಯಾರ್ಥಿಗಳೇ. ಒಂದೇ ಕಾಗದ, ಒಂದೇ ಖಾಲಿ ಜಾಗ. ಮೊದಲಿನವಳ ವಿಷಯದಲ್ಲಿ ಸಹಿಯ ನಿರಾಕರಣೆ ಸುಲಿಗೆ; ಎರಡನೆಯವನ ವಿಷಯದಲ್ಲಿ ಅದು ಪ್ರೀತಿಯ ಕೊನೆಯ ತಡೆಗೋಡೆ. ಪಾಸ್‌ಪೋರ್ಟ್ ಕಚೇರಿಯ ಕಿಟಕಿಯಲ್ಲಿ ಕುಳಿತ ಗುಮಾಸ್ತನಿಗೆ ಇವೆರಡರ ಭೇದ ತಿಳಿಯುವ ಬಗೆಯಿಲ್ಲ. ಅವನಿಗೆ ಕಾಣುವುದು ಸಹಿ ಇದೆಯೋ ಇಲ್ಲವೋ ಎಂಬುದಷ್ಟೇ. ಆದುದರಿಂದಲೇ ಈ ಜಗಳವನ್ನು ಆ ಕಿಟಕಿಗೆ ಒಯ್ಯುವುದು ತಪ್ಪು ಎಂದು ನಾನು ಹೇಳುವುದು.

ನಮ್ಮ ಜನ ಮೂರು ಬೇರೆ ಬೇರೆ ವಿಷಯಗಳನ್ನು ಒಂದೇ ಗಂಟಿನಲ್ಲಿ ಕಟ್ಟಿದ್ದಾರೆ. ಪಾಠ ಹೇಳಿದ ಅಭ್ಯಾಸದಿಂದ ಅವುಗಳನ್ನು ಬಿಡಿಸಿ ಹೇಳುತ್ತೇನೆ.

ಮೊದಲನೆಯದು ಪಾಸ್‌ಪೋರ್ಟ್. ಅದು ಮಗು ಭಾರತದ ಪ್ರಜೆಯೆಂದೂ ಇಂಥವರ ಮಗುವೆಂದೂ ಹೇಳುವ ದಾಖಲೆ. ಅದು ಕೈಯಲ್ಲಿದ್ದ ಮಾತ್ರಕ್ಕೆ ಮಗು ಯಾರದೆಂದು ತೀರ್ಮಾನವಾಗುವುದಿಲ್ಲ. ಎರಡನೆಯದು ಪಾಲನೆಯ ಹಕ್ಕು. ಅದನ್ನು ತೀರ್ಮಾನಿಸುವುದು ನ್ಯಾಯಾಲಯ. ಎಲ್ಲ ಧರ್ಮದವರಿಗೂ ಅನ್ವಯಿಸುವ 1890ರ ಪಾಲಕರ ಮತ್ತು ಪಾಲಿತರ ಕಾಯ್ದೆಯ ಪ್ರಕಾರ ಮಗು ಸಾಮಾನ್ಯವಾಗಿ ಎಲ್ಲಿ ವಾಸಿಸುತ್ತದೋ ಅಲ್ಲಿಯ ನ್ಯಾಯಾಲಯಕ್ಕೆ ಅರ್ಜಿ ಹಾಕಬೇಕು. ಮಗುವಿನ ಕ್ಷೇಮವೇ ಅಲ್ಲಿ ಮುಖ್ಯ ಅಳತೆಗೋಲು. ಮೂರನೆಯದು ಪ್ರಯಾಣ. ಯಾವ ದೇಶಕ್ಕೆ, ಎಷ್ಟು ದಿನ, ಯಾರೊಂದಿಗೆ, ಮರಳುವುದು ಎಂದು ಎಂಬ ಪ್ರಶ್ನೆಗಳು ಇಲ್ಲಿ ಬರುತ್ತವೆ. ಬೆಟಗೇರಿಯ ನನ್ನ ವಿದ್ಯಾರ್ಥಿಯ ಅಂಜಿಕೆ ಈ ಮೂರನೆಯದಕ್ಕೆ ಸೇರಿದ್ದು. ಅದಕ್ಕೆ ಅವನು ಮೊದಲನೆಯದನ್ನು ಹಿಡಿದು ನಿಲ್ಲಿಸಿದ್ದಾನೆ. ಮನೆಗೆ ಕಳ್ಳ ಬಂದಾನೆಂದು ಬಾವಿಗೆ ಬೀಗ ಹಾಕಿದಂತಾಯಿತು.

ಹಾಗಾದರೆ ಅವನು ಏನು ಮಾಡಬೇಕು? ಕಾನೂನು ಅವನನ್ನು ಕೈಬಿಟ್ಟಿಲ್ಲ. 1967ರ ಪಾಸ್‌ಪೋರ್ಟ್ ಕಾಯ್ದೆಯ 6ನೇ ಕಲಂ ಯಾವ ಕಾರಣಗಳಿಗೆ ಪಾಸ್‌ಪೋರ್ಟ್ ನಿರಾಕರಿಸಬಹುದೆಂದು ಪಟ್ಟಿ ಮಾಡಿದೆ. ಗಂಡ ಹೆಂಡಿರ ಮನಸ್ತಾಪ ಆ ಪಟ್ಟಿಯಲ್ಲಿ ಇಲ್ಲ. ಆದರೆ ಅರ್ಜಿದಾರರು ದೇಶ ಬಿಟ್ಟು ಹೋಗಬಾರದೆಂಬ ನ್ಯಾಯಾಲಯದ ಆದೇಶ ಆ ಪಟ್ಟಿಯಲ್ಲಿದೆ. ಮಗುವಿನ ವಶದ ಪ್ರಕರಣ ಆಗಲೇ ನಡೆದಿರುವಾಗ, ಅಲ್ಲಿಯೇ ಅರ್ಜಿ ಹಾಕಿ, ನನಗೆ ತಿಳಿಸದೆ ನ್ಯಾಯಾಲಯದ ಅನುಮತಿಯಿಲ್ಲದೆ ಮಗುವನ್ನು ದೇಶದಿಂದ ಹೊರಗೆ ಒಯ್ಯಬಾರದು ಎಂಬ ಆದೇಶ ಕೇಳಬಹುದು. ಪಾಸ್‌ಪೋರ್ಟ್ ನ್ಯಾಯಾಲಯದ ವಶದಲ್ಲಿರಲಿ, ಪ್ರವಾಸಕ್ಕೆ ಅನುಮತಿ ಸಿಕ್ಕಾಗ ಕೊಟ್ಟು ಮರಳಿದ ಮೇಲೆ ಹಿಂದಿರುಗಿಸಲಿ ಎಂದೂ ಕೇಳಬಹುದು. ನ್ಯಾಯಾಲಯವೇ ನೇಮಿಸಿದ ಪಾಲಕರಂತೂ ಅನುಮತಿಯಿಲ್ಲದೆ ಮಗುವನ್ನು ಆ ನ್ಯಾಯಾಲಯದ ವ್ಯಾಪ್ತಿಯಿಂದಾಚೆಗೆ ಒಯ್ಯುವಂತಿಲ್ಲವೆಂದು 1890ರ ಕಾಯ್ದೆಯ 26ನೇ ಕಲಂ ಹೇಳುತ್ತದೆ. ಬೀಗ ಹಾಕುವುದಾದರೆ ಈ ಬಾಗಿಲಿಗೆ ಹಾಕಬೇಕು. ಇಲ್ಲಿ ಇಬ್ಬರ ಮಾತನ್ನೂ ಕೇಳುವವರಿದ್ದಾರೆ.

ಅವನ ಅಂಜಿಕೆಯನ್ನು ನಾನು ಹಗುರವಾಗಿ ಎಣಿಸಲಾರೆ ಎಂಬುದಕ್ಕೆ ಇನ್ನೊಂದು ಕಾರಣವಿದೆ. ಒಬ್ಬ ಪಾಲಕರು ಮಗುವನ್ನು ಒಂದು ದೇಶದಿಂದ ಇನ್ನೊಂದಕ್ಕೆ ಒಯ್ದು ಇಟ್ಟುಕೊಂಡರೆ ಬೇಗನೆ ಮರಳಿಸುವುದಕ್ಕಾಗಿ 1980ರ ಹೇಗ್ ಒಪ್ಪಂದವಿದೆ. ಭಾರತ ಅದಕ್ಕೆ ಸೇರಿಲ್ಲ. ಸೇರಬೇಕೆಂದು 2009ರಲ್ಲಿ ಕಾನೂನು ಆಯೋಗ ತನ್ನ 218ನೇ ವರದಿಯಲ್ಲಿ ಶಿಫಾರಸು ಮಾಡಿತ್ತು, 2016ರಲ್ಲಿ ಒಂದು ಮಸೂದೆಯ ಕರಡೂ ಸಿದ್ಧವಾಗಿತ್ತು, ಅದು ಕಾಯ್ದೆಯಾಗಲಿಲ್ಲ. ವಿದೇಶದಲ್ಲಿ ಗಂಡನ ಕಿರುಕುಳ ತಾಳದೆ ಮಗುವನ್ನು ಎತ್ತಿಕೊಂಡು ತವರಿಗೆ ಓಡಿ ಬರುವ ನಮ್ಮ ಹೆಣ್ಣುಮಕ್ಕಳನ್ನು ಅಪಹರಣಕಾರರೆಂದು ಕರೆಯುವಂತಾದೀತು ಎಂಬ ಭಯ ಅದನ್ನು ವಿರೋಧಿಸುವವರಿಗೆ ಇದೆ. ಅದೂ ನ್ಯಾಯವಾದ ಭಯವೇ. ಪರಿಣಾಮವೇನೆಂದರೆ, ಗದಗಿನ ನ್ಯಾಯಾಲಯದ ಆದೇಶ ಹಿಡಿದು ಸಮುದ್ರದಾಚೆಯ ಊರಿನಿಂದ ಮಗುವನ್ನು ಕರೆತರುವುದು ಸುಲಭವಲ್ಲ. ಹೊರಟ ಮೇಲೆ ಹುಡುಕುವುದಕ್ಕಿಂತ ಹೊರಡುವ ಮೊದಲೇ ಶರತ್ತು ಬರೆಸಿಕೊಳ್ಳುವುದು ಜಾಣತನ.

ಅಮೆರಿಕದಲ್ಲಿರುವ ನನ್ನ ಬಂಧುಗಳು ಇಲ್ಲೊಂದು ಮಾತು ಹೇಳುತ್ತಾರೆ. ಅಲ್ಲಿ ಹದಿನಾರು ತುಂಬದ ಮಗುವಿನ ಪಾಸ್‌ಪೋರ್ಟಿಗೆ ತಂದೆ ತಾಯಿ ಇಬ್ಬರೂ ಹಾಜರಾಗಬೇಕು. ಬರಲಾಗದವರು ಅಧಿಕಾರಿಯ ಮುಂದೆ ಒಪ್ಪಿಗೆ ಪತ್ರಕ್ಕೆ ಸಹಿ ಮಾಡಿ ಕಳಿಸಬೇಕು. ಒಬ್ಬರಿಗೇ ಪೂರ್ಣ ಹಕ್ಕಿದೆಯೆಂದರೆ ನ್ಯಾಯಾಲಯದ ಆದೇಶ ತೋರಿಸಬೇಕು. ನಮ್ಮಲ್ಲಿಯೂ ಹಾಗೆಯೇ ಬಿಗಿ ಮಾಡಬಾರದೇಕೆ ಎಂದು ಅವರು ಕೇಳುತ್ತಾರೆ. ಆ ಬಿಗಿಯ ಹಿಂದೆ ಮಕ್ಕಳ ರಕ್ಷಣೆಯ ಉದ್ದೇಶವಿದೆ, ನಿಜ. ಆದರೆ ನಮ್ಮಲ್ಲಿ ಹೆಂಡತಿಯನ್ನು ಬಿಟ್ಟು, ವಿಚ್ಛೇದನವನ್ನೂ ಕೊಡದೆ, ವಿಳಾಸವನ್ನೂ ಕೊಡದೆ ಹೋದ ಗಂಡಸರ ಸಂಖ್ಯೆ ಕಡಿಮೆಯೇ? ಕೋರ್ಟಿನ ಆದೇಶವೇ ಇಲ್ಲದೆ ಹತ್ತು ವರ್ಷಗಳಿಂದ ಬೇರೆ ಇರುವ ತಾಯಂದಿರು ನಮ್ಮ ಪ್ರತಿ ಊರಿನಲ್ಲಿದ್ದಾರೆ. ಅವರಿಗೆ ಅನುಬಂಧ ‘ಸಿ’ಯ ಬಾಗಿಲನ್ನೂ ಮುಚ್ಚಿದರೆ ಆ ಮಕ್ಕಳು ಗಂಡಸಿನ ಮೌನಕ್ಕೆ ದಂಡ ತೆರಬೇಕಾಗುತ್ತದೆ. ಆದ್ದರಿಂದ ಆ ಬಾಗಿಲು ತೆರೆದಿರುವುದೇ ಸರಿ.

ತೆರೆದ ಬಾಗಿಲಿನಿಂದ ಹೋಗುವವರು ನಿಜವನ್ನೇ ಹೇಳಿ ಹೋಗಬೇಕು. ‘ಗಂಡ ಎಲ್ಲಿದ್ದಾನೋ ಗೊತ್ತಿಲ್ಲ ಅಂತ ಬರೆದುಬಿಡ್ರಿ’ ಎಂದು ಸಲಹೆ ಕೊಡುವವರು ಬಹಳ. ಅನುಬಂಧದಲ್ಲಿ ಕೋರ್ಟಿನ ಪ್ರಕರಣವನ್ನು ಮುಚ್ಚಿಡಲು ಹೇಳುವವರೂ ಇದ್ದಾರೆ. ತಿಳಿದೂ ಸುಳ್ಳು ಬರೆದು ಅಥವಾ ಮುಖ್ಯ ಸಂಗತಿಯನ್ನು ಮರೆಮಾಚಿ ಪಾಸ್‌ಪೋರ್ಟ್ ಪಡೆದರೆ ಅದೇ ಕಾಯ್ದೆಯ 12ನೇ ಕಲಂ ಪ್ರಕಾರ ಎರಡು ವರ್ಷಗಳವರೆಗೆ ಸೆರೆವಾಸ, ಐದು ಸಾವಿರ ರೂಪಾಯಿಗಳವರೆಗೆ ದಂಡ ಅಥವಾ ಎರಡೂ ಆಗಬಹುದು. 10ನೇ ಕಲಂ ಪ್ರಕಾರ ಪಾಸ್‌ಪೋರ್ಟನ್ನೇ ರದ್ದು ಮಾಡಬಹುದು. ದಂಡಕ್ಕಿಂತ ದೊಡ್ಡ ಹಾನಿ ಇನ್ನೊಂದಿದೆ. ನಾಳೆ ಮಗುವಿನ ವಶದ ವಿಚಾರಣೆಯಲ್ಲಿ ಎದುರು ವಕೀಲರು ಆ ಸುಳ್ಳು ಹಾಳೆಯನ್ನು ನ್ಯಾಯಾಧೀಶರ ಮುಂದೆ ಹಿಡಿಯುತ್ತಾರೆ. ಆಮೇಲೆ ಆ ತಾಯಿ ಹೇಳುವ ನಿಜವನ್ನೂ ನಂಬುವವರು ಇರುವುದಿಲ್ಲ. ಪ್ರಕರಣ ನಡೆದಿದ್ದರೆ ನಡೆದಿದೆ ಎಂದೇ ಬರೆಯಿರಿ. ಸಾಧ್ಯವಿದ್ದರೆ ಆ ನ್ಯಾಯಾಲಯದಿಂದಲೇ ಪಾಸ್‌ಪೋರ್ಟಿಗೆ ಅನುಮತಿ ಪಡೆದು ಅರ್ಜಿಯೊಂದಿಗೆ ಇಡಿ. ಸ್ವಲ್ಪ ತಡವಾದರೂ ಅದು ಗಟ್ಟಿಯಾದ ದಾರಿ. ಅರ್ಜಿಯನ್ನು ನಿರಾಕರಿಸಿದರೆ ಕಾರಣವನ್ನು ಬರವಣಿಗೆಯಲ್ಲಿ ಕೇಳಿ ಪಡೆಯಿರಿ. 5ನೇ ಕಲಂ ನಿಮಗೆ ಆ ಹಕ್ಕು ಕೊಟ್ಟಿದೆ. 11ನೇ ಕಲಂನಲ್ಲಿ ಮೇಲ್ಮನವಿಗೆ ಅವಕಾಶವಿದೆ. ಅದಕ್ಕೂ ಮೇಲೆ ಉಚ್ಚ ನ್ಯಾಯಾಲಯದ ಪೀಠ 2008ರಿಂದ ನಮ್ಮ ಧಾರವಾಡದಲ್ಲಿಯೇ ಇದೆ, ಬೆಂಗಳೂರಿಗೆ ಅಲೆಯಬೇಕಾಗಿಲ್ಲ.

ಖರ್ಚಿನ ಮಾತು ಕೇಳುತ್ತೀರಿ. ಮಗುವಿನ ಪಾಸ್‌ಪೋರ್ಟಿನ ಶುಲ್ಕ ಸಾವಿರ ರೂಪಾಯಿ; ವಕೀಲರ ಶುಲ್ಕವೇ ಜನರನ್ನು ಹೆದರಿಸುವುದು. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಂ ಪ್ರಕಾರ ಹೆಣ್ಣುಮಕ್ಕಳಿಗೂ ಮಕ್ಕಳಿಗೂ, ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಸಿಗುತ್ತದೆ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ, ತಾಲೂಕು ಸಮಿತಿಯಲ್ಲಿ ಅರ್ಜಿ ಕೊಡಬಹುದು. ಅಲ್ಲಿ ಇಬ್ಬರನ್ನೂ ಕರೆಸಿ ಕೂಡಿಸಿ ಮಾತನಾಡಿಸುವ ಏರ್ಪಾಡೂ ಇದೆ. ಲಕ್ಷ್ಮೇಶ್ವರದ ಹುಡುಗಿಗೆ ನಾನು ತೋರಿಸಿದ ದಾರಿ ಇದೇ. ಗಂಡನಿಗೆ ನೋಟೀಸು ಹೋಯಿತು. ಬಂಗಾರದ ಮಾತು ಬೇರೆ, ಮಗಳ ಮಾತು ಬೇರೆ ಎಂದು ಅಲ್ಲಿದ್ದವರು ತಿಳಿ ಹೇಳಿದರು. ಪ್ರತಿ ರವಿವಾರ ಮಗಳೊಡನೆ ವಿಡಿಯೊ ಕರೆ, ಬೇಸಿಗೆಯ ರಜೆಯಲ್ಲಿ ಊರಿಗೆ ಬಂದಾಗ ಹದಿನೈದು ದಿನ ತಂದೆಯ ಮನೆ ಎಂಬ ಶರತ್ತು ಬರೆಸಿಕೊಂಡು ಅವನು ಸಹಿ ಮಾಡಿದ. ಮೂರು ವರ್ಷ ಮಗಳನ್ನು ಕೇಳದ ಆ ಮನುಷ್ಯ ಈ ಶರತ್ತನ್ನು ತಾನಾಗಿಯೇ ಕೇಳಿದನಂತೆ. ಬಂಗಾರದ ಹಿಂದೆ ಇಷ್ಟು ದಿನ ಏನು ಅಡಗಿತ್ತೋ ಯಾರು ಬಲ್ಲರು! ಬೆಟಗೇರಿಯ ಹುಡುಗನ ಪ್ರಕರಣ ಇನ್ನೂ ಮುಗಿದಿಲ್ಲ. ಅವನು ಈಗಲೂ ತಿಂಗಳಿಗೆ ಎರಡು ಸಲ ರಾತ್ರಿ ಬಸ್ಸು ಹತ್ತುತ್ತಾನೆ.

ನಮ್ಮ ಹಿರಿಯರಿಗೆ ನನ್ನದೊಂದು ವಿನಂತಿ. ನಮ್ಮ ಕಡೆ ಮನೆ ಒಡೆದಾಗ ಮೊದಲು ಕೂಡುವವರು ನೀವು. ಸೋಡಚೀಟಿ ಬರೆಯುವಾಗ ಬಂಗಾರ ಎಷ್ಟು, ಹಂಡೆ ಕೊಪ್ಪರಿಗೆ ಎಷ್ಟು, ಮದುವೆಯ ಖರ್ಚು ಎಷ್ಟು ಎಂದು ಎಣಿಸಿ ಬರೆಸುತ್ತೀರಿ. ಮಗು ತಾಯಿಯ ಕಡೆ ಇರತಕ್ಕದ್ದು ಎಂದು ಕೊನೆಗೆ ಒಂದು ಸಾಲು. ಆ ಒಂದು ಸಾಲಿನಲ್ಲಿ ಮಗುವಿನ ಶಾಲೆಯ ಶುಲ್ಕವಿಲ್ಲ, ಆಸ್ಪತ್ರೆಯ ಖರ್ಚಿಲ್ಲ, ತಂದೆ ಬಂದು ನೋಡುವ ದಿನವಿಲ್ಲ, ಪಾಸ್‌ಪೋರ್ಟಿನ ಮಾತಂತೂ ಇಲ್ಲವೇ ಇಲ್ಲ. ಬಾಂಡ್ ಪೇಪರಿನ ಬರಹ ನ್ಯಾಯಾಲಯದ ಆದೇಶವಾಗುವುದೂ ಇಲ್ಲ. ಇಬ್ಬರೂ ಒಪ್ಪಿ ಬೇರೆಯಾಗುವುದಾದರೆ ನ್ಯಾಯಾಲಯಕ್ಕೆ ಜಂಟಿ ಅರ್ಜಿ ಹಾಕಿಸಿರಿ. ಅದರಲ್ಲಿ ಮಗುವಿನ ಪಾಸ್‌ಪೋರ್ಟಿಗೆ ಇಬ್ಬರ ಒಪ್ಪಿಗೆಯನ್ನು ಅಂದೇ ಬರೆಸಿರಿ. ಪ್ರವಾಸದ ಶರತ್ತುಗಳನ್ನೂ ಬರೆಸಿರಿ. ಅಂದು ಬರೆಸುವುದು ಎರಡು ವಾಕ್ಯ. ಬಿಟ್ಟರೆ ಮುಂದೆ ಎರಡು ವರ್ಷದ ಅಲೆದಾಟ.

ಅದೂ ಒಂದು ಸಲದ ಅಲೆದಾಟವಲ್ಲ ಎಂಬುದನ್ನು ನೆನಪಿಡಿ. ಮಗುವಿನ ಪಾಸ್‌ಪೋರ್ಟಿಗೆ ಸಾಮಾನ್ಯವಾಗಿ ಐದು ವರ್ಷದ ಆಯುಷ್ಯ. ಮೂರನೆಯ ವರ್ಷದಲ್ಲಿ ಮಾಡಿಸಿದರೆ ಎಂಟರಲ್ಲಿ ಮತ್ತೆ ಮಾಡಿಸಬೇಕು, ಹದಿಮೂರರಲ್ಲಿ ಮತ್ತೊಮ್ಮೆ. ಪ್ರತಿ ಸಲವೂ ಅದೇ ಖಾಲಿ ಜಾಗ, ಅದೇ ಸಹಿಯ ಪ್ರಶ್ನೆ. ತಂದೆ ತಾಯಿಯ ಮುರಿದ ಮದುವೆಯ ಕಥೆಯನ್ನು ಒಂದು ಮಗು ತನ್ನ ಬಾಲ್ಯದಲ್ಲಿ ಮೂರು ಸಲ ಕಚೇರಿಯ ಬೆಂಚಿನ ಮೇಲೆ ಕುಳಿತು ಕೇಳಬೇಕೆ? ಎಂಟು ವರ್ಷದ ಮಗುವಿಗೆ ಕನ್ನಡವೂ ಬರುತ್ತದೆ, ದೊಡ್ಡವರ ಮುಖ ಓದಲೂ ಬರುತ್ತದೆ. ತರಗತಿಯಲ್ಲಿ ನಾನು ಇದನ್ನು ಕಣ್ಣಾರೆ ಕಂಡಿದ್ದೇನೆ. ಮನೆಯಲ್ಲಿ ಹಂಚಿಹೋದ ಮಕ್ಕಳು ‘ತಂದೆಯ ಹೆಸರು’ ಬರೆಯುವ ಜಾಗಕ್ಕೆ ಬಂದಾಗ ಪೆನ್ನು ನಿಲ್ಲಿಸಿ ಮೇಲೆ ನೋಡುತ್ತವೆ. ಬರೆಯಬೇಕೋ ಬಿಡಬೇಕೋ ಎಂದು ಗುರುಗಳ ಮುಖದಲ್ಲಿ ಹುಡುಕುತ್ತವೆ.

ಕೊನೆಯದಾಗಿ ಮಗುವಿನ ಮಾತು. ತಿಳಿವಳಿಕೆ ಬಂದ ಮಗುವಿನ ಇಷ್ಟವನ್ನು ನ್ಯಾಯಾಲಯ ಗಮನಿಸಬಹುದೆಂದು ಬ್ರಿಟಿಷರ ಕಾಲದ 1890ರ ಕಾಯ್ದೆಯೇ ಹೇಳಿದೆ. 1992ರಲ್ಲಿ ಭಾರತ ಒಪ್ಪಿಕೊಂಡ ಮಕ್ಕಳ ಹಕ್ಕುಗಳ ಒಡಂಬಡಿಕೆ ತಂದೆ ತಾಯಿ ಬೇರೆ ಬೇರೆ ದೇಶಗಳಲ್ಲಿದ್ದರೂ ಇಬ್ಬರೊಂದಿಗೂ ಸಂಪರ್ಕವಿಟ್ಟುಕೊಳ್ಳುವ ಹಕ್ಕು ಮಗುವಿಗೆ ಉಂಟೆಂದು ಹೇಳುತ್ತದೆ. ಪಾಸ್‌ಪೋರ್ಟ್ ಇದ್ದರೆ ಮಗು ದೂರ ಹೋಗಬಹುದು. ಅದೇ ಪಾಸ್‌ಪೋರ್ಟ್ ಇದ್ದರೆ ದೂರದಿಂದ ತಂದೆಯನ್ನೋ ತಾಯಿಯನ್ನೋ ನೋಡಲು ಮರಳಿಯೂ ಬರಬಹುದು. ಹೋಗುವ ದಾರಿಯನ್ನಷ್ಟೇ ನೋಡಿ ಹೆದರುವವರು ಬರುವ ದಾರಿಯೂ ಅದೇ ಎಂಬುದನ್ನು ಮರೆಯಬಾರದು.

ನಿಮ್ಮ ಬಂಧುಬಳಗದಲ್ಲಿ ಇಂಥ ಕಷ್ಟ ಬಂದಿದ್ದರೆ ಹೊತ್ತಿಗೆ ಮೊದಲೇ ಇಬ್ಬರನ್ನೂ ಕೂಡಿಸಿ ಮಾತನಾಡಿರಿ. ಗದಗದಲ್ಲಿದ್ದವರು ನನ್ನ ಮನೆಗೂ ಬರಬಹುದು. ಸಂಜೆ ಐದರ ನಂತರ ನಾನು ಮನೆಯಲ್ಲಿಯೇ ಇರುತ್ತೇನೆ. ಬರುವಾಗ ಬಂಗಾರದ ಪಟ್ಟಿಯನ್ನು ಮನೆಯಲ್ಲಿಟ್ಟು, ಮಗುವಿನ ಜನನ ಪ್ರಮಾಣಪತ್ರವನ್ನು ಮಾತ್ರ ತನ್ನಿರಿ.